ಟೇಪಿನ ಆ ತುದಿ, ಈ ತುದಿ

ಮಾರಾಯ,

ಮೊನ್ನೆ ಫೋನಲ್ಲಿ ಕೇಳಿದ್ಯಲ್ಲ, ಮಗಳು ಸಿನಿಮಾ ಸಿನಿಮಾ ಅಂತ ಹಠ ಹಿಡಿದಿದಾಳೆ, ಆಕ್ಟಿಂಗಾ ಕ್ಯಾಮೆರಾನಾ ಡೈರೆಕ್ಷನ್ನಾ ಎಂತಕ್ಕೆ ಹಾಕ್ಲಿ ಅಂತ, ನೀನು ತೋಟಕ್ಕೆ ಔಷಧಿ ಹೊಡೆಸೋ ಗಡಿಬಿಡಿಲಿದ್ದೆ, ನಂಗೂ ಸರಿ ಉತ್ತರ ಕೊಡಕ್ಕಾಗ್ಲಿಲ್ಲ. ಮೂರೂ ಮಾಡಿದವ ನಾನು. ಮೂರರಲ್ಲೂ ಹೆಸರು ಬರ್ಲಿಲ್ಲ ಅನ್ನೋದು ಬೇರೆ ಮಾತು.

ಹುಚ್ಚು ಹಿಡಿದಿದ್ದು ಆಗುಂಬೇಲಿ. ಶಾಲೆ ತಪ್ಪಿಸಿ ಮಾಲ್ಗುಡಿ ಡೇಸ್ ಶೂಟಿಂಗ್ ನೋಡಕ್ಕೆ ಹೋಗಿದ್ವಲ್ಲ, ನೀನು ಶಂಕರ್ ನಾಗ್ ಎಲ್ಲಿ ಅಂತ ಹುಡುಕ್ತಿದ್ದೆ, ನಾನು ಕ್ಯಾಮೆರಾ ಹಿಂದಿದ್ದ ಎಸ್. ರಾಮಚಂದ್ರ ಅವರನ್ನೇ ನೋಡ್ತಾ ನಿಂತಿದ್ದೆ ಅಂತ ಎಲ್ಲರ ಹತ್ರ ಹೇಳ್ಕೊಂಡು ಬಂದಿದೀನಿ. ಸುಳ್ಳು. ನಾನೂ ಶಂಕರ್ ನಾಗ್‌ನೇ ಹುಡುಕ್ತಿದ್ದೆ.

ಆಮೇಲೆ ಹೆಗ್ಗೋಡಿನ ನೀನಾಸಂ ನಾಟಕ ಶಾಲೆ, ಅಲ್ಲಿಂದ ಬೆಂಗಳೂರು, ಪೋಸ್ಟ್‌ಮ್ಯಾನು, ಪೇದೆ, ಹೀರೋ ಗೆಳೆಯರಲ್ಲಿ ನಾಲ್ಕನೆಯವನು, ಇಷ್ಟೇ ಪಾರ್ಟು. ಒಂದ್ಸಲ ಕ್ಯಾಮೆರಾ ಅಸಿಸ್ಟೆಂಟ್ ಹುಡುಗ ಟೇಪ್ ಎಳ್ಕೊಂಡು ಬಂದು ನನ್ನ ಕಣ್ಣಿನ ಹತ್ರ ಹಿಡಿದು ಎಷ್ಟಡಿ ಅಂತ ಅಳತೆ ತಗೊಂಡ, ಫೋಕಸ್‌ಗೆ. ನಾನು ಡೈಲಾಗ್ ಹೇಳ್ತಾ ಭಾವ ಉಕ್ಕಿ ಒಂದು ಹೆಜ್ಜೆ ಮುಂದೆ ಬಂದ್ಬಿಟ್ಟೆ. ಶಾಟ್ ಮಂಜು ಮಂಜು. ಬೈಸ್ಕೊಂಡಿದ್ದು ಮಾತ್ರ ಅವನು! ಎರಡು ವರ್ಷಕ್ಕೆ ಪಾರ್ಟ್ ಸಿಗದೆ, ರೂಮ್ ಬಾಡಿಗೆ ಬಾಕಿ ಬಿದ್ದು, ಅದೇ ಟೇಪ್ ಹಿಡ್ಕೊಂಡು ನಾನು ನಿಂತಿದ್ದೆ.

ಆಗಿನ್ನೂ ರೀಲಿನ ಕಾಲ, 35 ಎಂಎಂ ಫಿಲಂ 400 ಅಡಿ ಓಡಿದ್ರೆ ಸುಮಾರು ನಾಲ್ಕೂವರೆ ನಿಮಿಷ, ಮುಗೀತು. ಕಪ್ಪು ಚೀಲದೊಳಗೆ ಎರಡೂ ಕೈ ತೂರಿಸಿ ಬರೀ ಬೆರಳಲ್ಲೇ ಲೋಡ್ ಮಾಡ್ಬೇಕು, ಅಮ್ಮ ಮೆಟ್ಟುಗತ್ತಿ ಕಡೆ ನೋಡದೆ ಊರ ಸುದ್ದಿ ಹೇಳ್ತಾ ಅಡಿಕೆ ಸುಲೀತಿದ್ರಲ್ಲ, ಹಾಗೆ. ಮಳೆ ಬಂದ್ರೆ ಛತ್ರಿ ಮೊದ್ಲು ಕ್ಯಾಮೆರಾಕ್ಕೆ, ಆಮೇಲೆ ಹೀರೋಯಿನ್‌ಗೆ, ನಮಗೆ ಕಂಬಳಿಕೊಪ್ಪೆಯೂ ಇಲ್ಲ.

ಅಸಿಸ್ಟೆಂಟ್ ಡೈರೆಕ್ಟರ್ ಆದ್ಮೇಲೆ ಕೈಗೆ ಕ್ಲಾಪ್ ಬೋರ್ಡೂ ನೋಟ್‌ಬುಕ್ಕೂ ಬಂತು. ತೀರ್ಥಹಳ್ಳಿ ಹತ್ರ ಒಂದು ಮನೆ ಅಂಗಳದಲ್ಲಿ ಕಾಫಿ ಕುಡಿಯೋ ಸೀನು, ಅರ್ಧ ಆಗಿತ್ತು, ಮಳೆ ಹಿಡೀತು, ಎಂಟು ದಿನ ಬಿಡ್ಲೇ ಇಲ್ಲ. ಬಿಸಿಲು ಬಂದ್ಮೇಲೆ ಉಳಿದರ್ಧ ತೆಗೀಬೇಕು. ಲೋಟದಲ್ಲಿ ಕಾಫಿ ಎಷ್ಟಿತ್ತು, ಶರ್ಟಿನ ಯಾವ ಗುಂಡಿ ಬಿಚ್ಚಿತ್ತು, ವಾಚ್ ಯಾವ ಕೈಲಿತ್ತು, ಎಲ್ಲ ಬರ್ಕೊಂಡಿದೀನಿ. ಆದ್ರೆ ಅಂಗಳ? ಪೂರ್ತಿ ಹಸಿರು! ಮಲೆನಾಡಲ್ಲೇ ಹುಟ್ಟಿದವನಿಗೆ ಇದು ಹೊಳೀಲಿಲ್ಲ ನೋಡು. ನಾನೂ ನಾಲ್ಕು ಲೈಟ್ ಬಾಯ್‌ಗಳೂ ಕುಕ್ಕರುಗಾಲಲ್ಲಿ ಕೂತು ಮಧ್ಯಾಹ್ನದ ತನಕ ಹುಲ್ಲು ಕಿತ್ವಿ. ನಮ್ಮ ಕೆಸಲೂರಿನ ಗಿರೀಶ್ ಕಾಸರವಳ್ಳಿ ಅವರೂ ಚೋಮನ ದುಡಿ ಸಿನಿಮಾಕ್ಕೆ ಅಸಿಸ್ಟೆಂಟ್ ಆಗಿದ್ದವರೇ ಅಂತ ಸಮಾಧಾನ ಮಾಡ್ಕೊಂಡೆ, ಅವರು 1977ರಲ್ಲೇ ಘಟಶ್ರಾದ್ಧ ಸಿನಿಮಾ ಮಾಡಿ ಮುಗಿಸಿದ್ರು, ನಾನು ಹುಲ್ಲು ಕೀಳ್ತಿದ್ದೆ.

ಈಗ್ಲೇ ಯಾವ ಕೋರ್ಸಿಗೂ ದುಡ್ಡು ಕಟ್ಬೇಡ. ದೀಪಾವಳಿ ಆದ್ಮೇಲೆ ಹೊಸನಗರ ಕಡೆ ಹತ್ತು ದಿನ ಶೂಟಿಂಗ್ ಇದೆ, ಕಳ್ಸು. ಪಾರ್ಟ್ ಸಿಗುತ್ತೆ ಅಂತ ಆಸೆ ಹುಟ್ಟಿಸಿ ಕಳಿಸ್ಬೇಡ, ನೋಟ್‌ಬುಕ್ ಹಿಡ್ಕೊಂಡು ನನ್ನ ಹಿಂದೆ ಓಡಾಡೋದು ಅಷ್ಟೇ. ರಕ್ತ ಹೀರೋ ಇಂಬಳ ಇರ್ತವೆ, ಸುಣ್ಣ ಕೊಟ್ಕಳ್ಸು. ಹಾಗೇ ಅಮ್ಮನ ಅಪ್ಪೆಮಿಡಿ ಒಂದು ಬಾಟ್ಲಿ, ಸೆಟ್ಟಿನ ಸಾಂಬಾರು ನಂಗೆ ಈಗ್ಲೂ ಸೇರಲ್ಲ ಮಾರಾಯ.

ನಿನ್ನ
ಹುಲ್ಲು ಕಿತ್ತವ