ಮಗಳಿಗೊಂದು ಪತ್ರ: ಮುಚ್ಚಳವಿಲ್ಲದ ಕುಂಬಳ

ಪ್ರೀತಿಯ ಪುಟ್ಟಿ,

ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಊಟಕ್ಕೆ ಬಟರ್‌ನಟ್ ಸ್ಕ್ವಾಶನ್ನು ಓವನ್ನಿನಲ್ಲಿ ಹುರಿದು ರೋಸ್ಟ್ ಮಾಡಿಕೊಂಡು ಹೋಗುತ್ತೀನಿ ಅಂದೆಯಲ್ಲ, ಹೋದ ಸಲ ಮೆತ್ತಗಾಗಿ ಮುದ್ದೆಯಾಯಿತು ಅಂತಲೂ ಹೇಳಿದೆ. ಅದಕ್ಕೇ ಇಷ್ಟು ಬಿಡಿಸಿ ಬರೆಯುತ್ತಿದ್ದೇನೆ. ಬಟರ್‌ನಟ್ ನಮ್ಮ ಸಿಹಿಗುಂಬಳದ ಬಳಗದ್ದೇ. ಆದರೆ ನಮ್ಮ ಕೈ ಪಳಗಿರುವುದು ಪಲ್ಯಕ್ಕೆ. ಪಲ್ಯಕ್ಕೆ ಮುಚ್ಚಳ ಹಾಕಿ ಆವಿಯಲ್ಲೇ ಬೇಯಿಸುತ್ತೇವೆ. ರೋಸ್ಟಿಗೆ ಆ ಆವಿಯೇ ವೈರಿ. ಹೋಳಿನ ನೀರು ಹಾರಿಹೋದ ಮೇಲಷ್ಟೇ ಅಂಚು ಕೆಂಪಗಾಗುವುದು.

ಸುಮಾರು 1 ಕಿಲೋ ತೂಗುವ ಕಾಯಿ ತಗೋ, ನಾಲ್ಕೈದು ಜನಕ್ಕೆ ಸಾಕು. ಸಿಪ್ಪೆ ಮಂಕಾಗಿರಲಿ, ಮಿರುಗುತ್ತಿದ್ದರೆ, ಉಗುರು ಇಳಿದರೆ ಇನ್ನೂ ಬಲಿತಿಲ್ಲ. ಕತ್ತು ಉದ್ದ, ದಪ್ಪ ಇದ್ದಷ್ಟೂ ಒಳ್ಳೆಯದು. ಬೀಜ ಇರುವುದು ಕೆಳಗಿನ ಗುಂಡುಭಾಗದಲ್ಲಿ ಮಾತ್ರ, ಕತ್ತು ಪೂರ್ತಿ ತಿರುಳು.

ಎರಡೂ ತುದಿ ಕತ್ತರಿಸಿ, ಕತ್ತು ಬೇರೆ ಗುಂಡುಭಾಗ ಬೇರೆ ಮಾಡು. ಕತ್ತರಿಸಿದ ಚಪ್ಪಟೆ ಬದಿಯನ್ನು ಹಲಗೆಯ ಮೇಲೆ ನಿಲ್ಲಿಸಿ, ಮೇಲಿಂದ ಕೆಳಗೆ ಸಿಪ್ಪೆ ಹೆರೆ. ಉರುಳುವ ಕಾಯಿಗೆ ಚಾಕು ಹಾಕಬೇಡ. ಸಿಪ್ಪೆಯಡಿ ತಿಳಿಹಸಿರು ಗೆರೆಗಳು ಕಾಣುತ್ತಿದ್ದರೆ ಇನ್ನೊಂದು ಸಲ ಹೆರೆಯಬೇಕು, ಅವು ಬಾಯಿಗೆ ನಾರಾಗಿ ಸಿಗುತ್ತವೆ. ಇದರ ರಸ ಕೈಮೇಲೆ ಒಣಗಿ ಚರ್ಮ ಬಿಗಿಯುತ್ತದೆ, ಹಲಸಿನಕಾಯಿ ಹಚ್ಚುವಾಗಿನ ಹಾಗೆ ಮೊದಲೇ ಎಣ್ಣೆ ಸವರಿಕೋ. ಹಸಿ ಚೂರೊಂದನ್ನು ನಾಲಿಗೆಗೆ ತಾಗಿಸಿ ನೋಡು. ಕಹಿಯಿದ್ದರೆ ಉಗಿದು ಇಡೀ ಕಾಯಿ ಬಿಸಾಕು. ಬೇಯಿಸಿದರೂ ಆ ಕಹಿ ಹೋಗುವುದಿಲ್ಲ, ಹೊಟ್ಟೆ ಕೆಡಿಸುತ್ತದೆ.

ಓವನ್ 425 ಡಿಗ್ರಿ ಫ್ಯಾರನ್‌ಹೀಟ್‌ಗೆ ಕಾಯಲಿ. ಗುಂಡುಭಾಗದ ಬೀಜ ತೆಗೆದು, ಒಂದಿಂಚಿನ ಹೋಳು ಮಾಡಿ, ಬಟ್ಟೆಯಲ್ಲಿ ಒತ್ತಿ ತೇವ ತೆಗೆದು, 2 ದೊಡ್ಡ ಚಮಚ ಎಣ್ಣೆ, ಮುಕ್ಕಾಲು ಟೀ ಚಮಚ ಉಪ್ಪು ಕಲಸು. ಉಪ್ಪು ಹಾಕಿ ಇಟ್ಟರೆ ನೀರು ಬಿಡುತ್ತದೆ, ಕಲಸಿದ ತಕ್ಷಣ ಓವನ್ನಿಗೆ ಹೋಗಬೇಕು. ಹೋಳುಗಳ ನಡುವೆ ಬೆರಳು ತೂರುವಷ್ಟು ಜಾಗ ಬಿಡು. ಇಷ್ಟಕ್ಕೆ ಎರಡು ಟ್ರೇ ಬೇಕೇ ಬೇಕು. ಹೋದ ಸಲ ಮುದ್ದೆಯಾಗಿದ್ದು ಎಲ್ಲ ಒಂದೇ ಟ್ರೇಯಲ್ಲಿ ತುಂಬಿದ್ದಕ್ಕೇ ಇರಬೇಕು. ಒತ್ತೊತ್ತಾಗಿ ಕೂತರೆ ಒಂದರ ಆವಿಯಲ್ಲಿ ಇನ್ನೊಂದು ಬೇಯುತ್ತದೆ, ಹುರಿಯುವುದಿಲ್ಲ.

20 ನಿಮಿಷ ಕೈ ಹಾಕಬೇಡ. ಆಮೇಲೆ ಚಪ್ಪಟೆ ಸಟ್ಟುಗದಿಂದ ಮಗುಚು. ತಳ ಬಿಡದೆ ಅಂಟಿಕೊಂಡಿದ್ದರೆ ಎಳೆಯಬೇಡ, ಇನ್ನೆರಡು ನಿಮಿಷ ಬಿಡು, ಕೆಂಪಗಾದ ಮೇಲೆ ತಾನೇ ಬಿಡುತ್ತದೆ. ಮಗುಚುವಾಗಲೇ ಮೇಲಿನ ಟ್ರೇ ಕೆಳಗೆ, ಕೆಳಗಿನದು ಮೇಲೆ ಇಡು. ಇನ್ನೊಂದು 8-10 ನಿಮಿಷಕ್ಕೆ ಚಾಕುವಿನ ತುದಿ ಸಲೀಸಾಗಿ ಇಳಿಯಬೇಕು, ಹೋಳು ಮಾತ್ರ ಒಡೆಯಬಾರದು.

ಸಿಹಿ, ಖಾರದ ಸರದಿ ಬರುವುದು ಈಗ. ಒಂದೂವರೆ ದೊಡ್ಡ ಚಮಚ ಬೆಲ್ಲದ ಪುಡಿಯನ್ನು ಒಂದು ಚಮಚ ನೀರಲ್ಲಿ ಕರಗಿಸಿ, ಅರ್ಧ ಟೀ ಚಮಚ ಬ್ಯಾಡಗಿ ಮೆಣಸಿನ ಪುಡಿ, ಅಷ್ಟೇ ಜೀರಿಗೆ ಪುಡಿ, ಒಂದು ಚಮಚ ತುಪ್ಪ ಸೇರಿಸಿ ಅದರಲ್ಲಿ ಹೋಳುಗಳನ್ನು ಹೊರಳಿಸು. ಬೆಲ್ಲ ಸಿಗದಿದ್ದರೆ ಅಲ್ಲಿಯ ಮೇಪಲ್ ಸಿರಪ್ ಅಷ್ಟೇ ಅಳತೆ, ನೀರು ಬೇಡ. ಮತ್ತೆ ಓವನ್ನಿನಲ್ಲಿ 6 ನಿಮಿಷ, ಅಷ್ಟೇ. ಮೊದಲೇ ಸಿಹಿ ಹಾಕಿದರೆ ತಳ ಕಪ್ಪಾಗಿ ಕಹಿ ಬರುತ್ತದೆ, ಒಳಗೆ ಇನ್ನೂ ಬೆಂದಿರುವುದಿಲ್ಲ.

ಸಾಸಿವೆ, ಕರಿಬೇವು, ಚಿಟಿಕೆ ಇಂಗಿನ ಒಗ್ಗರಣೆ, ಅರ್ಧ ನಿಂಬೆಯ ರಸ ಕೊನೆಗೆ. ನಿಂಬೆ ಬಿಡಬೇಡ, ಹುಳಿಯಿಲ್ಲದಿದ್ದರೆ ಬರೀ ಸಿಹಿ ನಾಲಿಗೆಗೆ ಮಂದವಾಗುತ್ತದೆ.

ಊಟಕ್ಕೆ ಕರೆದವರ ಮನೆಗೆ ಒಯ್ಯುವಾಗ ಬಿಸಿಯಿದ್ದಾಗಲೇ ಫಾಯಿಲ್ ಮುಚ್ಚಿಬಿಟ್ಟೀಯ! ಅಷ್ಟು ಹೊತ್ತು ಓಡಿಸಿದ ಆವಿ ಅದರೊಳಗೇ ಕೂರುತ್ತದೆ. ಪೂರ್ತಿ ಆರಿಸಿ ತುಂಬಿಸು, ಒಗ್ಗರಣೆಯನ್ನು ಪುಟ್ಟ ಡಬ್ಬಿಯಲ್ಲಿ ಬೇರೆ ಇಟ್ಟುಕೋ. ಅಲ್ಲಿ ಮುಚ್ಚದೆ 400 ಡಿಗ್ರಿಯಲ್ಲಿ 8 ನಿಮಿಷ ಬಿಸಿ ಮಾಡಿ, ಒಗ್ಗರಣೆ ಸುರಿದು, ನಿಂಬೆ ಹಿಂಡಿ ಬಡಿಸು.

ನಿನ್ನ
ಅಮ್ಮ