ಜಗಳ ಎರಡು ಹೆಸರಿಗೆ, ಕಾರ್ಖಾನೆ ಒಂದೇ

ಮಾನ್ಯರೇ,

ಮೂಡಿಗೆರೆ ಸೀಮೆಯ ನಮ್ಮ ತೋಟಕ್ಕೆ ಟಾರು ರಸ್ತೆಯಿಂದ ಅರ್ಧ ಮೈಲಿ ಜೇಡಿಮಣ್ಣಿನ ಏರು. ಮುಂದಿನ ಎರಡೇ ಚಕ್ರಕ್ಕೆ ಬಲವಿರುವ ನನ್ನ ಹಳೇ ಕಾರನ್ನು ಕಳೆದ ಆಷಾಢದಲ್ಲಿ ಟ್ರ್ಯಾಕ್ಟರ್ ಕಟ್ಟಿ ಎಳೆಸಬೇಕಾಯಿತು. ಸರಿ, ನಾಲ್ಕೂ ಚಕ್ರಕ್ಕೆ ಬಲವಿರುವ ಆಲ್ ವೀಲ್ ಡ್ರೈವ್ ಗಾಡಿಯೇ ಬೇಕೆಂದು ಹೊರಟೆವು. ಬಾಳಿಕೆಗೆ ಟೊಯೋಟಾ ಅಂತ ಮಗ. ಜಿಪ್ಸಿ ಓಡಿಸಿ ಬೆಳೆದ ನಾನು ಸುಜುಕಿ ಪಕ್ಷ. ತಿಂಗಳುಗಟ್ಟಲೆ ಜಗಳ.

ಆಮೇಲೆ ತಿಳಿದದ್ದೇನು? 2022ರಲ್ಲಿ ಬಂದ ಟೊಯೋಟಾದ ಹೈರೈಡರ್, ಸುಜುಕಿಯ ಗ್ರ್ಯಾಂಡ್ ವಿಟಾರಾ ಎರಡೂ ನಮ್ಮ ಬಿಡದಿಯ ಟೊಯೋಟಾ ಕಾರ್ಖಾನೆಯಲ್ಲೇ ಹುಟ್ಟಿದವು. ಆಲ್ ವೀಲ್ ಡ್ರೈವ್ ಮಾದರಿಗಳಲ್ಲಿ ಎಂಜಿನ್ನೂ ಸುಜುಕಿಯ ಅದೇ 1.5 ಲೀಟರಿನದು! ಶೋರೂಮಿನ ಹುಡುಗ ಮಾತ್ರ 'ನಮ್ಮ ಗಾಡಿಯ ಗಟ್ಟಿತನವೇ ಬೇರೆ ಸಾರ್' ಅಂದ. ಜಾಹೀರಾತಿನಲ್ಲಿ ಲೀಟರಿಗೆ 28 ಕಿ.ಮೀ. ಎಂದು ಮಿಂಚುವುದು ಪೆಟ್ರೋಲಿನ ಜೊತೆ ವಿದ್ಯುತ್ ಮೋಟಾರಿನಲ್ಲೂ ಓಡುವ ಸ್ಟ್ರಾಂಗ್ ಹೈಬ್ರಿಡ್ ಮಾದರಿ. ಅದಕ್ಕೆ ಹಿಂದಿನ ಚಕ್ರದ ಬಲವಿಲ್ಲ. ಇದನ್ನೂ ನಾವೇ ಕೆದಕಿ ಕೇಳಬೇಕಾಯಿತು. ಕೆಸರಿನಲ್ಲಿ ನಿಧಾನವಾಗಿ ಎಳೆಯುವ ಲೋ ಗೇರು ಹೈರೈಡರ್, ವಿಟಾರಾ ಎರಡರಲ್ಲೂ ಇಲ್ಲ, ಅದಕ್ಕೆ ಸುಜುಕಿಯದೇ ಜಿಮ್ನಿಗೆ ಹೋಗಬೇಕು.

ಕೊನೆಗೆ ಸರ್ವೀಸ್ ಸೆಂಟರ್ ಯಾವುದು ಹತ್ತಿರ ಅಂತ ನೋಡಿ ವಿಟಾರಾ ತಂದೆ. ಮಗ ಇನ್ನೂ ಮುನಿಸಿಕೊಂಡಿದ್ದಾನೆ. ನಿಮ್ಮ ವಾಹನ ಪುಟದಲ್ಲಿ ಸನ್‌ರೂಫಿನ ಬದಲು ಇಂಥದ್ದನ್ನೂ ಒಮ್ಮೆ ಬರೆಯಿರಿ.

– ಒಬ್ಬ ಕಾಫಿ ಬೆಳೆಗಾರ, ಮೂಡಿಗೆರೆ