ಅಪ್ಪಣೆ ಯಾರದು ಅನ್ನೋದನ್ನು ಮೊದಲು ಹುಡುಕು

ಹಾಸನ

ಪ್ರೀತಿಯ ತಮ್ಮನಿಗೆ,

ಮೂಡಿಗೆರೆಯಿಂದ ನೀನು ಕಳಿಸಿದ ಲೇಖನ ತಲುಪಿತು. ಸಂಗೀತವೇ ಬಂಡಾಯವಾಗುವ ಸಿನಿಮಾಗಳ ಬಗ್ಗೆ ಹದಿನಾಲ್ಕು ಪುಟ. 'ಕ್ರಾಂತಿಕಾರಿ' ಅನ್ನುವ ಮಾತು ಒಂಬತ್ತು ಸಲ, 'ದನಿಯಿಲ್ಲದವರ ದನಿ' ನಾಲ್ಕು ಸಲ ಬಂದಿದೆ. ಯಾವ ವಾದ್ಯ, ಯಾರ ಕೈಯಲ್ಲಿ, ಎಷ್ಟು ಹೊತ್ತು ನುಡಿಯಿತು ಅನ್ನೋದು ಒಂದು ಸಲವೂ ಇಲ್ಲ. ಲೇಖನ ಕೆಟ್ಟದಾಗಿಲ್ಲ, ಕಿವುಡಾಗಿದೆ. ಕಿವುಡು ಬಿಡಿಸುವ ದಾರಿ ಇದೆ, ಅದಕ್ಕೇ ಈ ಕಾಗದ.

'ಕಾಸಾಬ್ಲಾಂಕಾ' (1942) ಚಿತ್ರವನ್ನು ನೀನು 'ದೇಶಭಕ್ತಿಗೀತೆ ಹಾಡಿ ನಾಜಿಗಳ ಬಾಯಿ ಮುಚ್ಚಿಸುತ್ತಾರೆ' ಎಂದು ಒಂದೇ ಸಾಲಿನಲ್ಲಿ ಮುಗಿಸಿದ್ದೀಯ. ಆ ದೃಶ್ಯವನ್ನು ಬಿಡಿಸಿ ನೋಡು. ರಿಕ್‌ನ ಕೆಫೆಯಲ್ಲಿ ಜರ್ಮನ್ ಅಧಿಕಾರಿಗಳು ಪಿಯಾನೊ ಸುತ್ತ ನಿಂತು ರೈನ್ ನದಿಯ ಕಾವಲಿನ ತಮ್ಮ ಹಾಡು ಹಾಡುತ್ತಿದ್ದಾರೆ. ನಾಜಿಗಳಿಂದ ತಪ್ಪಿಸಿಕೊಂಡು ಬಂದ ಹೋರಾಟಗಾರ ಲಾಸ್ಲೊ ನೆಟ್ಟಗೆ ವಾದ್ಯದವರ ಬಳಿ ಹೋಗಿ ಫ್ರಾನ್ಸಿನ ರಾಷ್ಟ್ರಗೀತೆ ನುಡಿಸಿ ಅನ್ನುತ್ತಾನೆ. ಅವರು ಕೂಡಲೇ ನುಡಿಸುವುದಿಲ್ಲ. ಮಾಲೀಕನ ಕಡೆ ನೋಡುತ್ತಾರೆ. ಯಾರ ಗೋಜಿಗೂ ಹೋಗದವನು ಎಂದು ಅಲ್ಲಿಯವರೆಗೆ ಹೇಳಿಕೊಂಡು ಬಂದ ರಿಕ್ ಸಣ್ಣಗೆ ತಲೆಯಾಡಿಸುತ್ತಾನೆ. ಕಣ್ಣು ಮಿಟುಕಿಸಿದರೆ ತಪ್ಪಿಹೋಗುವಷ್ಟು ಚಿಕ್ಕ ಶಾಟ್ ಅದು. ಆಮೇಲೆ ವಾದ್ಯ, ಲಾಸ್ಲೊನ ದನಿ, ಒಂದೊಂದೇ ಮೇಜು, ಕೊನೆಗೆ ಇಡೀ ಕೋಣೆ. ಜರ್ಮನ್ನರು ದನಿ ಏರಿಸಿ ನೋಡುತ್ತಾರೆ, ಆಗುವುದಿಲ್ಲ, ಕೈಬಿಡುತ್ತಾರೆ. ಅದೇ ಸಂಜೆ ಜರ್ಮನ್ ಅಧಿಕಾರಿಯ ಜೊತೆ ಬಂದಿದ್ದ ಇವೋನ್ ಅಳುತ್ತಾ ಹಾಡುತ್ತಾಳೆ. ಆ ಪಾತ್ರ ಮಾಡಿದ ಮ್ಯಾಡ್ಲಿನ್ ಲೆಬೊ 1940ರಲ್ಲಿ ನಿಜವಾಗಿಯೂ ಫ್ರಾನ್ಸ್ ಬಿಟ್ಟು ಓಡಿಬಂದವಳು. ಕೋಣೆ ತುಂಬಿದ್ದ ನಟರಲ್ಲಿ ಹಲವರು ಯುರೋಪಿನ ನಿರಾಶ್ರಿತರೇ. ಹಾಡು ಮುಗಿದ ಮೇಲೆ ಏನಾಗುತ್ತದೆ? ಜರ್ಮನ್ನರ ಒತ್ತಾಯಕ್ಕೆ ಕೆಫೆಗೆ ಬೀಗ. ಕಾರಣ ಕೇಳಿದರೆ ಪೊಲೀಸ್ ಅಧಿಕಾರಿ ಇಲ್ಲಿ ಜೂಜು ನಡೆಯುತ್ತಿದೆ ಎಂದು ಗಾಬರಿಯಾದವನಂತೆ ಹೇಳುತ್ತಾನೆ, ಅಷ್ಟರಲ್ಲಿ ಅವನು ಜೂಜಿನಲ್ಲಿ ಗೆದ್ದ ಹಣವನ್ನೇ ಅವನ ಕೈಗೆ ತಂದುಕೊಡುತ್ತಾರೆ.

ಶುರು ಮಾಡಿದ್ದು ಯಾರು, ಅಪ್ಪಣೆ ಕೊಟ್ಟದ್ದು ಯಾರು, ಯಾರು ಸೇರಿಕೊಂಡರು, ಯಾರು ನಿಲ್ಲಿಸಿದರು, ದಂಡ ತೆತ್ತದ್ದು ಯಾರು ಅನ್ನುವುದೆಲ್ಲ ಅಲ್ಲಿ ಕಣ್ಣಿಗೆ ಕಾಣುವಂತೆ ಇದೆ. ಇದರಲ್ಲಿ ಅಪ್ಪಣೆಯ ಪ್ರಶ್ನೆಯೇ ಕೀಲು ಅಂತ ನನ್ನ ಮತ. ಹಾಡಿನ ಸಾಹಿತ್ಯದಲ್ಲಿ ಬಂಡಾಯ ಹುಡುಕುವವರು ಯಾವಾಗಲೂ ಸೋಲುತ್ತಾರೆ. ಅದೇ ಹಾಡನ್ನು ಫ್ರಾನ್ಸಿನ ಸರ್ಕಾರಿ ಸಮಾರಂಭದಲ್ಲಿ ಪೊಲೀಸ್ ಬ್ಯಾಂಡು ನುಡಿಸಿದರೆ ಅದು ಬರೀ ಶಿಷ್ಟಾಚಾರ.

ಇದು ನಿನಗೆ ನಿನ್ನೂರಿನಲ್ಲೇ ಅರ್ಥವಾಗಬೇಕು. ತಮಟೆ ನೋಡು. ಹೆಗಲಿಗೆ ತೂಗುಹಾಕಿ ಎದೆಗೆ ಒರಗಿಸಿಕೊಂಡ, ಚರ್ಮ ಬಿಗಿದ ಬಳೆ, ಒಂದು ಕೈಯಲ್ಲಿ ದಪ್ಪ ಗಿಡ್ಡ ಕಡ್ಡಿ, ಇನ್ನೊಂದರಲ್ಲಿ ಉದ್ದದ ತೆಳು ಸೀಳು. ಮಲೆನಾಡಿನ ಮಳೆಗಾಲದಲ್ಲಿ ಚರ್ಮ ತೇವ ಹೀರಿ ಸಡಿಲವಾಗುತ್ತದೆ, ನಾದ ಇಳಿದು ಬೊದಬೊದ ಅನ್ನುತ್ತದೆ. ಹುಲ್ಲು ಉರಿಸಿ ತಮಟೆ ಕಾಯಿಸಿದರೆ ಮಾತ್ರ ಖಣಖಣ ನಾದ ಬರುತ್ತದೆ. ಹೆಚ್ಚು ಕಾಯಿಸಿದರೆ ಬಿರಿಯುತ್ತದೆ. ಈ ತಮಟೆಯನ್ನು ಜಾತ್ರೆಗೆ, ಸಾವಿಗೆ ಬಡಿಯಬೇಕೆಂಬುದು ಒಂದು ಜಾತಿಯ ಮೇಲೆ ಹೇರಿದ ಬಿಟ್ಟಿ ಚಾಕರಿಯಾಗಿತ್ತು. ದಲಿತ ಚಳವಳಿಯ ದಿನಗಳಲ್ಲಿ ಎರಡು ಸಂಗತಿ ನಡೆದವು. ಮೆರವಣಿಗೆಯ ಮುಂದೆ ಅದೇ ತಮಟೆ ಬಂತು. ಎಷ್ಟೋ ಊರುಗಳಲ್ಲಿ ಇನ್ನು ಬಡಿಯುವುದಿಲ್ಲ ಎಂದು ಕೆಳಗಿಟ್ಟದ್ದೂ ಬಂಡಾಯವಾಯಿತು. ಚರ್ಮ ಅದೇ, ಪೆಟ್ಟು ಅದೇ, ಅಪ್ಪಣೆ ಮಾತ್ರ ಬೇರೆ. ಸಿನಿಮಾದಲ್ಲಿ ತಮಟೆ ಕೇಳಿಸಿದ ಕೂಡಲೇ 'ಶೋಷಿತರ ಆಕ್ರೋಶ' ಎಂದು ಬರೆಯುವ ಮುನ್ನ ಇದನ್ನು ನೆನೆಸಿಕೋ.

ಈ ಕಣ್ಣಿನಿಂದ 'ಚೋಮನ ದುಡಿ' (1975) ಮತ್ತೆ ನೋಡು. ಶಿವರಾಮ ಕಾರಂತರ ಕಾದಂಬರಿ 1933ರದ್ದು, ಚಿತ್ರ ಬಿ.ವಿ. ಕಾರಂತರದ್ದು, ಚೋಮ ಎಂ.ವಿ. ವಾಸುದೇವರಾಯರು. ನಿನ್ನ ಲೇಖನದಲ್ಲಿ ಇದು ಇಲ್ಲವೇ ಇಲ್ಲ, ಅದೇ ನನಗೆ ಆಶ್ಚರ್ಯ. ಚೋಮನ ಮಕ್ಕಳು ಸಾಲ ತೀರಿಸಲು ದುಡಿಯುವುದು ಕಾಫಿ ತೋಟದಲ್ಲಿ, ಮಗಳು ಬೆಳ್ಳಿ ಹಾಳಾಗುವುದೂ ಆ ತೋಟದಲ್ಲೇ. ತೋಟದ ಕೂಲಿಗಳ ಲೈನ್ ಮನೆಗಳ ಪಕ್ಕ ಬೆಳೆದ ನೀನು ಬರೆಯಬೇಕಾದ ಚಿತ್ರ ಅದು. ದಲಿತನಾದ ಚೋಮನಿಗೆ ಉಳುವ ಅಪ್ಪಣೆ ಇಲ್ಲ. ಎತ್ತು ಇದೆ, ನೆಲ ಇಲ್ಲ. ಯಾರ ಅಪ್ಪಣೆಯೂ ಬೇಡದ ಒಂದೇ ವಸ್ತು ಅವನ ಗುಡಿಸಲಿನ ದುಡಿ. ಖುಷಿಗೂ ಅದೇ, ಸಿಟ್ಟಿಗೂ ಅದೇ, ಸಾವಿಗೂ ಅದೇ. ಕೊನೆಗೆ ಎತ್ತುಗಳನ್ನು ಓಡಿಸಿ, ನೇಗಿಲು ಮುರಿದು, ಬಾಗಿಲು ಹಾಕಿಕೊಂಡು ಬಡಿಯುತ್ತಾನೆ. ಇದನ್ನು 'ಬಂಡಾಯ' ಎಂದು ಬರೆಯುವಾಗ ಕೈ ನಡುಗಬೇಕು. ಆ ದುಡಿ ಕೇಳಿ ಧಣಿಯ ಮನೆಯಲ್ಲಿ ಒಂದು ತಟ್ಟೆಯೂ ಅಲ್ಲಾಡುವುದಿಲ್ಲ. ಬಂಡಾಯ ಹೊರಗೆ ಹೋಗಲು ದಾರಿಯಿಲ್ಲದೆ ಒಳಗೇ ಸುತ್ತಿ ಬಡಿದವನನ್ನೇ ಕೊಲ್ಲುವ ಪರಿ ಅದು. ದುಡಿಯ ಗತಿ ಮೊದಲ ಸಲ ಹೇಗಿತ್ತು, ಕೊನೆಯ ಸಲ ಹೇಗಿದೆ, ಎರಡನ್ನೂ ಹಿಂದೆಮುಂದೆ ಇಟ್ಟು ಕೇಳಿ ಬರೆ. ಅಷ್ಟರಲ್ಲೇ ಎರಡು ಪುಟ ಆಗುತ್ತದೆ.

ಅದೇ ವರ್ಷದ 'ಹಂಸಗೀತೆ'ಯಲ್ಲಿ ಇದರ ತಿರುಗುಮುರುಗು. ತ.ರಾ.ಸು. ಕಾದಂಬರಿ, ಜಿ.ವಿ. ಅಯ್ಯರ್ ಚಿತ್ರ. ಗಾಯಕ ಭೈರವಿ ವೆಂಕಟಸುಬ್ಬಯ್ಯನಿಗೆ ದೊರೆಯಿಂದ 'ಹಾಡು' ಎಂಬ ಅಪ್ಪಣೆಯೇ ಬರುತ್ತದೆ. ಅವನು ನಾಲಿಗೆ ಕತ್ತರಿಸಿಕೊಳ್ಳುತ್ತಾನೆ. ಹಿನ್ನೆಲೆಯಲ್ಲಿ ಹಾಡಿದವರು ಬಾಲಮುರಳೀಕೃಷ್ಣ. ಅಷ್ಟು ಹೊತ್ತು ಆ ಕಂಠ ಕೇಳಿ ಅಭ್ಯಾಸವಾದ ಕಿವಿಗೆ ನಿಶ್ಶಬ್ದ ಪೆಟ್ಟಾಗಿ ಬೀಳುತ್ತದೆ. ಎರಡೂ 1975ರವು, ಆದ್ದರಿಂದ 'ತುರ್ತು ಪರಿಸ್ಥಿತಿಯ ಕೂಸುಗಳು' ಎಂದು ಬರೆಯಲು ನಿನ್ನ ಕೈ ತುರಿಸುತ್ತದೆ ಅಂತ ಗೊತ್ತು. ಬೇಡ. ತುರ್ತು ಪರಿಸ್ಥಿತಿ ಬಂದದ್ದು ಆ ವರ್ಷದ ಜೂನ್ 25ಕ್ಕೆ. ಚಿತ್ರಕಥೆ, ಚಿತ್ರೀಕರಣ ಯಾವ ತಿಂಗಳು ಮುಗಿದವು ಎಂದು ನೋಡದೆ ಇಸವಿಗೆ ಇಸವಿ ಗಂಟು ಹಾಕುವುದು ವಿಮರ್ಶೆಯ ದೊಡ್ಡ ಸೋಮಾರಿತನ.

ಇನ್ನು ಕೇಳುವ ಕೆಲಸ. ಒಂದು ಚಿತ್ರ, ಒಂದೇ ದೃಶ್ಯ, ಹೆಚ್ಚೆಂದರೆ ಐದು ನಿಮಿಷದ್ದು ಆರಿಸಿಕೋ. ಒಂದು ಸಲ ಸುಮ್ಮನೆ ನೋಡು. ಎರಡನೆಯ ಸಲ ಶಬ್ದ ಪೂರ್ತಿ ಆರಿಸಿ ನೋಡು, ಆಗ ಯಾರು ಯಾರ ಕಡೆ ನೋಡುತ್ತಾರೆ ಅನ್ನೋದು ಕಾಣುತ್ತದೆ. ರಿಕ್‌ನ ತಲೆಯಾಟ ಹೀಗೇ ಸಿಗುವುದು. ಮೂರನೆಯ ಸಲ ಕಣ್ಣು ಮುಚ್ಚಿ ಕೇಳು. ನೋಟ್‌ಬುಕ್ಕಿನ ಪುಟಕ್ಕೆ ನಾಲ್ಕು ಕಲಂ ಗೆರೆ ಎಳೆ: ನಿಮಿಷ-ಸೆಕೆಂಡು, ಕೇಳುವ ಶಬ್ದ, ಅದನ್ನು ಹೊರಡಿಸುವವರು, ಅದಕ್ಕೆ ಓಗೊಡುವವರು. ಮೊಬೈಲಿನ ಸ್ಪೀಕರಿನಲ್ಲಿ ಕೇಳಿ ಬರೆದರೆ ಕೆಟ್ಟೆ. ಆ ಪುಟ್ಟ ಸ್ಪೀಕರಿಗೆ ಸುಮಾರು 200 ಹರ್ಟ್ಸ್‌ಗಿಂತ ಕೆಳಗಿನ ನಾದ ನೆಟ್ಟಗೆ ಹೊರಡಿಸಲು ಆಗದು. ಚರ್ಮವಾದ್ಯದ ಗುಮ್ಮು, ಜಮೈಕಾದ ರೆಗೇ ಸಂಗೀತದ ಬೇಸ್ ಗಿಟಾರು ಹಾರಿಹೋಗಿ ಬರೀ ಟಕಟಕ ಉಳಿಯುತ್ತದೆ. ಇಯರ್‌ಫೋನ್ ಹಾಕು.

ಮೂರನೆಯ ಕಲಮಿನಲ್ಲಿ ಎಡವುವುದು ಜಾಸ್ತಿ. ಪಾತ್ರಗಳಿಗೂ ಕೇಳುವ ಸಂಗೀತ ಬೇರೆ, ಪ್ರೇಕ್ಷಕನಿಗೆ ಮಾತ್ರ ಕೇಳುವ ಹಿನ್ನೆಲೆ ಸಂಗೀತ ಬೇರೆ. ಮೆರವಣಿಗೆಯ ದೃಶ್ಯಕ್ಕೆ ಸಂಗೀತ ನಿರ್ದೇಶಕ ಸ್ಟುಡಿಯೋದಲ್ಲಿ ಅರವತ್ತು ಪಿಟೀಲು ಕೂರಿಸಿ ನುಡಿಸಿದರೆ ಅದು ಅವನ ಅಭಿಪ್ರಾಯ. ಪಾತ್ರಗಳ ಬಂಡಾಯ ಅಲ್ಲ. ನೀನು ಉದಾಹರಿಸಿದ ಏಳು ದೃಶ್ಯಗಳಲ್ಲಿ ಮೂರು ಇಂಥವು, ತೆಗೆದುಹಾಕು. ನಮ್ಮ ಸಿನಿಮಾದಲ್ಲಂತೂ ತೆರೆಯ ಮೇಲೆ ಬಾಯಿ ಆಡಿಸುವವರು ಒಬ್ಬರು, ಹಾಡಿದವರು ಇನ್ನೊಬ್ಬರು, ಬರೆದವರು ಮತ್ತೊಬ್ಬರು, ರಾಗ ಹಾಕಿದವರು ಮಗದೊಬ್ಬರು. ನಾಲ್ಕೂ ಹೆಸರು ಬೇಕು.

'ಕಿಸ್ಮತ್' (1943) ಇದಕ್ಕೆ ಒಳ್ಳೆಯ ಪಾಠ. 'ದೂರ್ ಹಟೋ' ಹಾಡು ಬರೆದವರು ಪ್ರದೀಪ್, ರಾಗ ಅನಿಲ್ ಬಿಸ್ವಾಸರದ್ದು, ಹಾಡಿದವರಲ್ಲಿ ಖಾನ್ ಮಸ್ತಾನಾ ಜೊತೆ ನಮ್ಮ ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ. 'ಭಾರತ ಬಿಟ್ಟು ತೊಲಗಿ' ಚಳವಳಿಯ ಮರುವರ್ಷ ಹಿಂದೂಸ್ಥಾನ ನಮ್ಮದು, ದೂರ ಸರಿಯಿರಿ ಎಂದು ಹಾಡಿದರೂ ಬ್ರಿಟಿಷ್ ಸೆನ್ಸಾರ್ ಬಿಟ್ಟದ್ದು ಹೇಗೆ? ಯಾರಿಗೆ ತಲೆಬಾಗಬೇಡ ಎಂದು ಹೇಳುವ ಸಾಲಿನಲ್ಲಿ ಹೆಸರು ಬರುವುದು ಜರ್ಮನರದ್ದು, ಜಪಾನಿಗಳದ್ದು. ಯುದ್ಧಕಾಲದಲ್ಲಿ ಅದು ಸರ್ಕಾರಕ್ಕೆ ಒಪ್ಪಿಗೆಯ ಮಾತು. ಪ್ರೇಕ್ಷಕರಿಗೆ ದೂರ ಸರಿಯಬೇಕಾದವರು ಯಾರೆಂದು ಯಾರೂ ಹೇಳಿಕೊಡಬೇಕಿರಲಿಲ್ಲ. ಕಲ್ಕತ್ತೆಯ ರಾಕ್ಸಿಯಲ್ಲಿ ಚಿತ್ರ ಮೂರು ವರ್ಷಕ್ಕೂ ಮೇಲೆ ಓಡಿತು. ಸರ್ಕಾರಕ್ಕೆ ಅರ್ಥವಾದಾಗ ಪ್ರದೀಪ್ ತಲೆಮರೆಸಿಕೊಳ್ಳಬೇಕಾಯಿತು. ಅಪ್ಪಣೆ ಪಡೆದೇ ಅಪ್ಪಣೆ ಮೀರುವ ಈ ಜಾಣತನ ಒಂದೆರಡು ಶಬ್ದಗಳ ಮೇಲೆ ನಿಂತಿದೆ. ಹಾಗಾಗಿ ಸಾಹಿತ್ಯವನ್ನು ಸಬ್‌ಟೈಟಲಿನಿಂದ ಎತ್ತಬೇಡ, ಅದರಲ್ಲಿ ಹಾಡಿನ ಅರ್ಧ ಸಾಲುಗಳೇ ಇರುವುದಿಲ್ಲ. ಉಲ್ಲೇಖಿಸುವುದಾದರೆ ಒಂದೆರಡು ಸಾಲು ಸಾಕು. 1957ರ ಕಾಪಿರೈಟ್ ಕಾಯ್ದೆಯ 52ನೇ ಕಲಂ ವಿಮರ್ಶೆಗೆ ನ್ಯಾಯವಾದ ಬಳಕೆಯನ್ನು ಒಪ್ಪುತ್ತದೆ, ಇಡೀ ಹಾಡು ಭಟ್ಟಿ ಇಳಿಸುವುದನ್ನಲ್ಲ.

ಮಾರುಕಟ್ಟೆಯ ವಿಷಯ ನಿನ್ನ ಲೇಖನದಲ್ಲಿ ಎಲ್ಲೂ ಇಲ್ಲ. ಜಮೈಕಾದ 'ದ ಹಾರ್ಡರ್ ದೆ ಕಮ್' (1972) ನೋಡು. ಹಳ್ಳಿಯಿಂದ ಕಿಂಗ್‌ಸ್ಟನ್‌ಗೆ ಬಂದ ಹುಡುಗನ ಪಾತ್ರ ಜಿಮ್ಮಿ ಕ್ಲಿಫ್‌ದು. ಹಾಡು ಧ್ವನಿಮುದ್ರಿಸಿದ್ದಕ್ಕೆ ರೆಕಾರ್ಡ್ ನಿರ್ಮಾಪಕ ಕೊಡುವುದು 20 ಡಾಲರ್. ತಾನೇ ಮಾರುತ್ತೇನೆ ಎಂದು ಹೊರಟರೆ ಯಾರೂ ನುಡಿಸುವುದಿಲ್ಲ, ಏಕೆಂದರೆ ಅಲ್ಲಿ ಅಪ್ಪಣೆ ಪೊಲೀಸರದಲ್ಲ, ನಿರ್ಮಾಪಕನದು. ಹುಡುಗ ಗುಂಡು ಹಾರಿಸಿ ತಲೆಮರೆಸಿಕೊಂಡ ಮೇಲೆ ಅದೇ ಹಾಡು ಊರೆಲ್ಲ ಹಬ್ಬುತ್ತದೆ. ಬಂಡಾಯವೂ ಸರಕಾಗುತ್ತದೆ ಎನ್ನುವುದನ್ನು ಇಷ್ಟು ನಿರ್ದಯವಾಗಿ ತೋರಿಸಿದ ಚಿತ್ರ ಕಡಿಮೆ. ನಮ್ಮಲ್ಲಿ 'ರಾಕ್‌ಸ್ಟಾರ್' (2011) ಚಿತ್ರದ 'ಸಾಡ್ಡಾ ಹಕ್' ಎಷ್ಟು ಮೊಬೈಲುಗಳ ರಿಂಗ್‌ಟೋನ್ ಆಗಿತ್ತು ನಿನಗೂ ಗೊತ್ತು. ಹಕ್ಕು ಹಕ್ಕು ಎಂದು ಕಿರುಚುವುದಕ್ಕೆ ಯಾರ ತಕರಾರೂ ಇರಲಿಲ್ಲ. ದೃಶ್ಯದಲ್ಲಿ ಕಂಡ ಟಿಬೆಟ್ ಸ್ವಾತಂತ್ರ್ಯದ ಬಾವುಟವನ್ನು ಮಾತ್ರ ಸೆನ್ಸಾರ್‌ನವರು ಮಸುಕು ಮಾಡಿಸಿದರು. ಎಲ್ಲಿ ಮಸುಕು ಮಾಡಿದ್ದಾರೋ ಅಲ್ಲಿಂದ ನಿನ್ನ ಪ್ಯಾರಾ ಶುರುವಾಗಲಿ.

'ಸರ್ಚಿಂಗ್ ಫಾರ್ ಶುಗರ್ ಮ್ಯಾನ್' (2012) ಸಾಕ್ಷ್ಯಚಿತ್ರದಲ್ಲೂ ಅಂಥ ಒಂದು ಗುರುತಿದೆ. ದಕ್ಷಿಣ ಆಫ್ರಿಕಾದ ಸರ್ಕಾರಿ ರೇಡಿಯೋ ಸಂಗ್ರಹದಲ್ಲಿದ್ದ, ಅಮೆರಿಕದ ಗಾಯಕ ರೊಡ್ರಿಗಸ್‌ನ ಗ್ರಾಮಫೋನ್ ತಟ್ಟೆ, ಅದರಲ್ಲಿ ಬೇಡದ ಹಾಡಿನ ಗೆರೆಗಳ ಮೇಲೆ ಚೂಪಾದ್ದರಲ್ಲಿ ಗೀರಿದ ಗಾಯ. ಮುಳ್ಳು ಇಟ್ಟರೆ ಜಾರಬೇಕು, ಹಾಡಬಾರದು. ಆ ಗೀರು ನೋಡಿದ ಮೇಲೆ ವರ್ಣಭೇದದ ಬಗ್ಗೆ ಉಪನ್ಯಾಸ ಬೇಕಾಗುವುದಿಲ್ಲ. ಆದರೆ ನೀನು ಆ ಚಿತ್ರ ಹೇಳಿದ್ದನ್ನೆಲ್ಲ ನಂಬಿ, ಗಾಯಕ ರೊಡ್ರಿಗಸ್ ದಶಕಗಳ ಕಾಲ ಜಗತ್ತಿಗೇ ಮರೆತುಹೋಗಿದ್ದ ಎಂದು ಬರೆದಿದ್ದೀಯ. 1979 ಮತ್ತು 1981ರಲ್ಲಿ ಆತ ಆಸ್ಟ್ರೇಲಿಯಾದಲ್ಲಿ ಕಛೇರಿ ಪ್ರವಾಸ ಮಾಡಿದ್ದ, ಚಿತ್ರ ಅದನ್ನು ಹೇಳುವುದಿಲ್ಲ. ಚಿತ್ರ ಚೆನ್ನಾಗಿದೆ ಎನ್ನುವುದೂ ನಿಜ, ಬಿಟ್ಟದ್ದೂ ನಿಜ, ಎರಡನ್ನೂ ಬರೆ.

ಬಹ್ಮನ್ ಗೋಬಾದಿಯ ಟೆಹರಾನ್ ಚಿತ್ರ, 'ನೋ ಒನ್ ನೋಸ್ ಅಬೌಟ್ ಪರ್ಷಿಯನ್ ಕ್ಯಾಟ್ಸ್' (2009) ಬಗ್ಗೆ ನೀನು ಬರೆದದ್ದೇ ಇಡೀ ಲೇಖನದಲ್ಲಿ ಚೆಂದ. ಕೊಟ್ಟಿಗೆಯಲ್ಲಿ ಹಸುಗಳ ಮಧ್ಯೆ ತಾಲೀಮು ಮಾಡುವ ರಾಕ್ ತಂಡವನ್ನು ಗಮನಿಸಿದ್ದೀಯ. ಕೊಟ್ಟಿಗೆಯ ವಾಸನೆ ಬಲ್ಲವನಿಗೆ ಮಾತ್ರ ಆ ಸಾಲು ಬರುತ್ತದೆ. ಅನುಮತಿ ಇಲ್ಲದೆಯೇ ತೆಗೆದ ಚಿತ್ರ ಅದು, ನಟಿಸಿದವರಲ್ಲಿ ಬಹುಪಾಲು ಸಂಗೀತಗಾರರೇ. ಗಂಡಸರಿರುವ ಸಭೆಯಲ್ಲಿ ಹೆಣ್ಣು ಒಬ್ಬಳೇ ಹಾಡುವಂತಿಲ್ಲ ಎನ್ನುವ ಅಲ್ಲಿಯ ಕಟ್ಟಳೆಯನ್ನು ಒಂದು ಸಾಲು ಸೇರಿಸು, ಇಲ್ಲದಿದ್ದರೆ ನಾಯಕಿ ನೇಗರ್ ಹಾಡುವುದರ ಭಾರ ಓದುಗನಿಗೆ ತಿಳಿಯದು.

ಹದಿನಾಲ್ಕು ಪುಟ ಆರಕ್ಕಿಳಿಯಲಿ. ಏಳು ಚಿತ್ರ ಬೇಡ, ಎರಡು ಸಾಕು. 'ಚೋಮನ ದುಡಿ' ಒಂದು, ಇನ್ನೊಂದು ನಿನಗೆ ಬಿಟ್ಟದ್ದು. ಬರೆಯುವ ಮುಂಚೆ ನಿಮ್ಮ ಕಡೆ ತಮಟೆ ನುಡಿಸುವವರೊಬ್ಬರ ಪಕ್ಕ ಒಂದು ಸಂಜೆ ಕೂತುಕೋ. ಯಾವ ಪೆಟ್ಟಿಗೆ ಅವರು ಏನನ್ನುತ್ತಾರೆ ಕೇಳಿ ಬರೆದುಕೋ. ಮಳೆ ಬಿದ್ದ ದಿನವೇ ಹೋದರೆ ಕಾಯಿಸುವ ಮುಂಚಿನ ನಾದ, ಕಾಯಿಸಿದ ಮೇಲಿನ ನಾದ ಎರಡೂ ಸಿಗುತ್ತವೆ. ತಿದ್ದಿದ ಪ್ರತಿಯ ಜೊತೆ ನಾಲ್ಕು ಕಲಮಿನ ಆ ನೋಟ್‌ಬುಕ್ ಪುಟಗಳನ್ನೂ ಲಕೋಟೆಗೆ ಹಾಕು. ನಾನು ಮೊದಲು ಓದುವುದು ಅದನ್ನೇ.

ಇಂತಿ,
ನಿನ್ನ ಅಣ್ಣ